ಕಂಪನಿ ಯಾರದು?

2009ರಲ್ಲಿ ಜಗತ್ತಿನ ವ್ಯಾಪಾರ ಕುಸಿದು ಬಿತ್ತು. ಆ ವರ್ಷ ಜರ್ಮನಿಯ ಒಟ್ಟು ಉತ್ಪನ್ನ ಶೇಕಡಾ 5ಕ್ಕಿಂತ ಜಾಸ್ತಿ ಇಳಿಯಿತು. ಅಮೆರಿಕದಲ್ಲಿ ಇಳಿದದ್ದು ಹೆಚ್ಚುಕಡಿಮೆ ಅದರ ಅರ್ಧ. ಹಾಗಾದರೆ ಜರ್ಮನಿಯಲ್ಲೇ ಹೆಚ್ಚು ಜನ ಕೆಲಸ ಕಳೆದುಕೊಂಡಿರಬೇಕು, ಅಲ್ವಾ? ಆದದ್ದು ತಿರುವುಮುರುವು. ಅಮೆರಿಕದಲ್ಲಿ ನಿರುದ್ಯೋಗ ಎರಡೇ ವರ್ಷದಲ್ಲಿ ಶೇಕಡಾ 5ರಿಂದ 10ಕ್ಕೆ ಏರಿತು. ಜರ್ಮನಿಯಲ್ಲಿ ಅದು ಇದ್ದಲ್ಲಿಂದ ಹೆಚ್ಚು ಕದಲಲಿಲ್ಲ.

ಎರಡೂ ಬಂಡವಾಳಶಾಹಿ ದೇಶಗಳೇ. ಎರಡರಲ್ಲೂ ಖಾಸಗಿ ಕಂಪನಿಗಳಿವೆ, ಷೇರು ಪೇಟೆ ಇದೆ, ಲಾಭಕ್ಕಾಗಿ ಪೈಪೋಟಿ ಇದೆ. ಆದರೆ ಕೆಟ್ಟ ಕಾಲ ಬಂದಾಗ ಏಟು ಯಾರ ಬೆನ್ನಿಗೆ ಬೀಳುತ್ತದೆ ಎಂದು ನೋಡಿದರೆ ಎರಡರ ದಾರಿಯೇ ಬೇರೆ. ಈ ವ್ಯತ್ಯಾಸದ ಬೇರು ಹುಡುಕುತ್ತಾ ಹೋದರೆ ಒಂದು ಪ್ರಶ್ನೆಗೆ ಬಂದು ನಿಲ್ಲುತ್ತೇವೆ. ಕಂಪನಿ ಯಾರದು?

ಷೇರು ಕೊಂಡವರದು ಅನ್ನುವುದು ಥಟ್ಟನೆ ಬರುವ ಉತ್ತರ. ಕಾನೂನಿನ ಪ್ರಕಾರ ಅದು ಪೂರ್ತಿ ಸರಿಯಲ್ಲ. ಕಾನೂನಿನ ಕಣ್ಣಿಗೆ ಕಂಪನಿಯೇ ಒಬ್ಬ ವ್ಯಕ್ತಿ ಇದ್ದ ಹಾಗೆ. ಕಟ್ಟಡ, ಯಂತ್ರ, ಬ್ಯಾಂಕಿನಲ್ಲಿರುವ ಹಣ ಎಲ್ಲವೂ ಅದರ ಹೆಸರಿನಲ್ಲೇ ಇರುತ್ತದೆ. ಷೇರುದಾರನ ಕೈಯಲ್ಲಿರುವುದು ಷೇರು ಮಾತ್ರ. ಕಾರು ಕಂಪನಿಯ ಷೇರು ಇದೆ ಎಂದು ಅದರ ಕಾರ್ಖಾನೆಗೆ ಹೋಗಿ ಒಂದು ಟೈರು ಎತ್ತಿಕೊಂಡು ಬರಲು ಆಗುವುದಿಲ್ಲ. ಹಾಗಾಗಿ ನಾವು ಕೇಳಬೇಕಾದದ್ದು ಇಷ್ಟು: ಅಲ್ಲಿ ಯಾರ ಮಾತು ನಡೆಯುತ್ತದೆ? ಯಾರನ್ನು ಹೊರಗೆ ಹಾಕುವುದು ಕಷ್ಟ? ಲಾಭ ಬಂದಾಗ ಮೊದಲು ಯಾರ ಕೈ ತುಂಬುತ್ತದೆ?

ಒಂದು ಪಯಣದ ಲೆಕ್ಕ

ಹಿಂದೆ ದೂರದ ವ್ಯಾಪಾರ ಅಂದರೆ ಒಂದು ಪಯಣದ ಲೆಕ್ಕ. ಕೆಲವರು ಹಣ ಹಾಕುತ್ತಿದ್ದರು. ಹಡಗು ಹೋಗಿ ಸರಕು ತರುತ್ತಿತ್ತು. ಮಾರಿದ ಮೇಲೆ ಹಣ ಹಂಚಿಕೊಂಡು ಪಾಲುದಾರಿಕೆ ಮುಗಿಸುತ್ತಿದ್ದರು. 1602ರಲ್ಲಿ ಶುರುವಾದ ಡಚ್ ಈಸ್ಟ್ ಇಂಡಿಯಾ ಕಂಪನಿ ಈ ಲೆಕ್ಕವನ್ನೇ ಬದಲಿಸಿತು. ಹತ್ತು ವರ್ಷದ ಮೇಲೆ ಲೆಕ್ಕ ಚುಕ್ತಾ ಮಾಡಿ ಹಣ ವಾಪಸ್ ಪಡೆಯಬಹುದು ಎಂಬ ಮಾತೇನೋ ಇತ್ತು. ಆ ಹೊತ್ತು ಬಂದಾಗ ಕಂಪನಿ ಹಣ ಬಿಟ್ಟುಕೊಡಲಿಲ್ಲ. ಕೋಟೆ, ಹಡಗು, ಗೋದಾಮುಗಳಲ್ಲಿ ತೊಡಗಿಸಿದ ಹಣವನ್ನು ಮಧ್ಯದಲ್ಲಿ ಕಿತ್ತು ಹಂಚುವುದು ಹೇಗೆ? ದುಡ್ಡು ಬೇಕಾದವರು ತಮ್ಮ ಪಾಲನ್ನು ಆಮ್‌ಸ್ಟರ್‌ಡ್ಯಾಮಿನಲ್ಲಿ ಇನ್ನೊಬ್ಬರಿಗೆ ಮಾರಬೇಕಾಯಿತು. ಷೇರು ಪೇಟೆ ಬೆಳೆದದ್ದು ಹೀಗೆ. 1609ರಲ್ಲೇ ಐಸಾಕ್ ಲೆ ಮೇರ್ ಎಂಬ ದೊಡ್ಡ ಷೇರುದಾರ ಕಂಪನಿ ನಡೆಸುವವರ ಮೇಲೆ ಸರ್ಕಾರಕ್ಕೆ ದೂರು ಬರೆದ. ಹಣ ಕೊಟ್ಟವರಿಗೂ ಅದನ್ನು ನಡೆಸುವವರಿಗೂ ನಡುವಿನ ಹಗ್ಗಜಗ್ಗಾಟ ಹೆಚ್ಚುಕಡಿಮೆ ಕಂಪನಿಯಷ್ಟೇ ಹಳೆಯದು.

ಇನ್ನೊಂದು ತಿರುವು ಬಂದದ್ದು 1855ರಲ್ಲಿ, ಬ್ರಿಟನ್‌ನಲ್ಲಿ. ಅಲ್ಲಿಯವರೆಗೆ ಸಾಮಾನ್ಯ ಕಂಪನಿಯೊಂದು ಮುಳುಗಿದರೆ ಸಾಲ ಕೊಟ್ಟವರು ಪಾಲುದಾರರ ಮನೆ ಬಾಗಿಲಿಗೇ ಬರಬಹುದಿತ್ತು. ಹೊಸ ಕಾನೂನು ಹೊಣೆಗೆ ಮಿತಿ ಹಾಕಿತು. ಹಾಕಿದ ಹಣ ಹೋಗಬಹುದು, ಮನೆ ಹೋಗುವುದಿಲ್ಲ. ಕಂಪನಿಗಳ ಹೆಸರಿನ ಕೊನೆಗೆ ನಾವು ದಿನಾ ನೋಡುವ 'ಲಿಮಿಟೆಡ್' ಎಂಬ ಪದದ ಹಿಂದಿರುವುದು ಈ ಮಿತಿ. ಗುರುತು ಪರಿಚಯ ಇಲ್ಲದ ಸಾವಿರಾರು ಜನ ಧೈರ್ಯವಾಗಿ ಒಂದೇ ಕಡೆ ಹಣ ಹಾಕಲು ದಾರಿಯಾಯಿತು.

ಇಂಥ ಕಾನೂನುಗಳು ಬೇಗ ಬೇರೆ ದೇಶಗಳಿಗೂ ಹರಡಿದವು. ಕಂಪನಿಯ ಹೊರ ಚೌಕಟ್ಟು ಎಲ್ಲೆಡೆ ಒಂದೇ ಥರ ಆಯಿತು. ದೊಡ್ಡ ಕಾರ್ಖಾನೆಗೆ ಬೇಕಾದ ದೊಡ್ಡ ಹಣ ಎಲ್ಲಿಂದ ಬಂತು ಅನ್ನುವಲ್ಲಿ ಮಾತ್ರ ದಾರಿಗಳು ಬೇರೆಯಾದವು.

ಹಣ ಯಾವ ಬಾಗಿಲಿಂದ ಬಂತು

ಅಮೆರಿಕದಲ್ಲಿ ದೊಡ್ಡ ಬ್ಯಾಂಕುಗಳೆಂದರೆ ಮೊದಲಿಂದಲೂ ಭಯ. ಒಂದು ರಾಜ್ಯದ ಬ್ಯಾಂಕು ದೇಶದ ತುಂಬ ಶಾಖೆ ತೆರೆಯಲು ದಾರಿ ಮಾಡಿಕೊಟ್ಟದ್ದು 1994ರ ಕಾನೂನು. ಜನರ ಠೇವಣಿ ಇಟ್ಟುಕೊಳ್ಳುವ ಬ್ಯಾಂಕು ಷೇರು ವ್ಯವಹಾರಕ್ಕೆ ಇಳಿಯದಂತೆ 1933ರಲ್ಲಿ ಬೇಲಿ ಹಾಕಿದ್ದರು. ಇಡೀ ದೇಶಕ್ಕೆ ಸರಕು ಮಾರುವ ಕಂಪನಿಗಳಿಗೆ ಈ ಬ್ಯಾಂಕುಗಳ ಹಣ ಸಾಲಲಿಲ್ಲ. ಅವು ಲಕ್ಷಾಂತರ ಸಣ್ಣ ಹೂಡಿಕೆದಾರರ ಬಳಿ ಹೋದವು. ಷೇರುಗಳು ಎಷ್ಟು ಚದುರಿದವು ಎಂದರೆ ನಿಜವಾದ ಹಿಡಿತ ಮ್ಯಾನೇಜರುಗಳ ಕೈಗೆ ಹೋಯಿತು. ಇದನ್ನು 1932ರಷ್ಟು ಹಿಂದೆಯೇ ಅಡಾಲ್ಫ್ ಬರ್ಲೆ ಮತ್ತು ಗಾರ್ಡಿನರ್ ಮೀನ್ಸ್ ಎಂಬ ವಿದ್ವಾಂಸರು ತೋರಿಸಿಕೊಟ್ಟಿದ್ದರು.

ನೂರು ಷೇರು ಇರುವವನು ಮ್ಯಾನೇಜರ ಜೊತೆ ಜಗಳಕ್ಕೆ ಹೋಗುವುದಿಲ್ಲ. ಸುಮ್ನೆ ಷೇರು ಮಾರಿ ಹೊರಗೆ ಬರುತ್ತಾನೆ. ಬಹಳ ಜನ ಹೀಗೆ ಮಾಡಿದರೆ ಬೆಲೆ ಬೀಳುತ್ತದೆ. ಬೆಲೆ ಬಿದ್ದ ಕಂಪನಿಯನ್ನು ಇನ್ಯಾರೋ ಕೊಂಡು ಮ್ಯಾನೇಜರುಗಳನ್ನೇ ಮನೆಗೆ ಕಳಿಸಬಹುದು. 1980ರ ದಶಕದಲ್ಲಿ ಇಂಥ ಖರೀದಿಗಳ ಅಲೆಯೇ ಎದ್ದಿತು. ಅಲ್ಲಿಂದ ಮುಂದೆ ಮ್ಯಾನೇಜರುಗಳ ಕಣ್ಣು ಷೇರು ಬೆಲೆಯ ಮೇಲೇ ನೆಟ್ಟಿತು. ಮೂರು ತಿಂಗಳಿಗೊಮ್ಮೆ ಲೆಕ್ಕ ಒಪ್ಪಿಸಬೇಕಾದವರಿಗೆ ಮಾರಾಟ ಇಳಿದಾಗ ಕಾಣುವ ಹತ್ತಿರದ ದಾರಿ ಜನರನ್ನು ಕಡಿಮೆ ಮಾಡುವುದು. 2009ರಲ್ಲಿ ಮನೆ ಕಟ್ಟುವ ಉದ್ಯಮದ ಕುಸಿತವೂ ಸೇರಿಕೊಂಡು ಏಟು ಇನ್ನೂ ಜೋರಾಯಿತು.

'ಯಾರದು' ಎಂಬ ಪ್ರಶ್ನೆ ಅಲ್ಲಿ ನ್ಯಾಯಾಲಯಕ್ಕೂ ಹೋಗಿತ್ತು. ಹೆನ್ರಿ ಫೋರ್ಡ್ ಲಾಭವನ್ನು ಹಂಚುವ ಬದಲು ಕಾರ್ಖಾನೆ ಬೆಳೆಸಲು, ಕಾರಿನ ಬೆಲೆ ಇಳಿಸಲು ಹೊರಟಿದ್ದರು. ಷೇರುದಾರರಾಗಿದ್ದ ಡಾಡ್ಜ್ ಸಹೋದರರು ಕೇಸು ಹಾಕಿದರು. 1919ರಲ್ಲಿ ಮಿಶಿಗನ್ ರಾಜ್ಯದ ಸುಪ್ರೀಂ ಕೋರ್ಟ್, ಕಂಪನಿ ಇರುವುದು ಮುಖ್ಯವಾಗಿ ಷೇರುದಾರರ ಲಾಭಕ್ಕೆ ಎಂದು ಹೇಳಿ ಲಾಭಾಂಶ ಕೊಡಿಸಿತು.

ಈ ಏರ್ಪಾಟನ್ನು ಬರೀ ಕ್ರೂರ ಎಂದು ಬದಿಗಿಟ್ಟರೆ ಅರ್ಧ ಮಾತ್ರ ನೋಡಿದ ಹಾಗಾಗುತ್ತದೆ. ಬೇಗ ಹೊರಬರುವ ಹಣ ಬೇಗ ಹೊಸ ಕಡೆಗೂ ಹರಿಯುತ್ತದೆ. 1979ರಲ್ಲಿ ಪಿಂಚಣಿ ನಿಧಿಗಳ ನಿಯಮ ಸಡಿಲವಾದಾಗ ಹೊಸ ಕಂಪನಿಗಳಿಗೆ ಹಣ ಹಾಕುವ ನಿಧಿಗಳಿಗೆ ದೊಡ್ಡ ಹೊಳೆಯೇ ಹರಿದು ಬಂತು. ಕ್ಯಾಲಿಫೋರ್ನಿಯಾದಲ್ಲಿ ಇನ್ನೊಂದು ವಿಶೇಷ. ಕೆಲಸ ಬಿಟ್ಟವರು ಎದುರಾಳಿ ಕಂಪನಿ ಸೇರಬಾರದು ಎಂಬ ಕರಾರಿಗೆ ಅಲ್ಲಿ 1872ರಿಂದಲೂ ಬೆಲೆಯಿಲ್ಲ. ಎಂಜಿನಿಯರುಗಳು ಕಂಪನಿಯಿಂದ ಕಂಪನಿಗೆ ಹಾರಿದರು, ಜೊತೆಗೆ ತಿಳಿವಳಿಕೆಯೂ ಹಾರಿತು. ಸಿಲಿಕಾನ್ ವ್ಯಾಲಿ ಬೆಳೆದ ಮಣ್ಣು ಅದು.

ಕಾರ್ಮಿಕ ಕೂತ ಕುರ್ಚಿ

ಜರ್ಮನಿಯ ಉದ್ಯಮ 19ನೇ ಶತಮಾನದ ಕೊನೆಯಲ್ಲಿ ದೊಡ್ಡ ಬ್ಯಾಂಕುಗಳ ಜೊತೆಜೊತೆಗೇ ಬೆಳೆಯಿತು. ಬ್ಯಾಂಕು ಸಾಲವನ್ನೂ ಕೊಡುತ್ತಿತ್ತು, ಷೇರನ್ನೂ ಇಟ್ಟುಕೊಳ್ಳುತ್ತಿತ್ತು, ಮಂಡಳಿಯಲ್ಲೂ ಕೂರುತ್ತಿತ್ತು. ಒಳಗಿನ ಲೆಕ್ಕ ಗೊತ್ತಿರುವ ಬ್ಯಾಂಕಿಗೆ ಒಂದು ವರ್ಷ ಲಾಭ ಕಡಿಮೆಯಾದರೆ ಗಾಬರಿಯಿಲ್ಲ. ಇಂಥ ಹಣಕ್ಕೆ ತಾಳ್ಮೆ ಇರುತ್ತದೆ.

ಅಲ್ಲಿನ ದೊಡ್ಡ ಕಂಪನಿಗೆ ಎರಡು ಮಂಡಳಿ. ಒಂದು ದಿನನಿತ್ಯದ ಕೆಲಸ ನಡೆಸುತ್ತದೆ. ಇನ್ನೊಂದು ಅದರ ಮೇಲೆ ಕಣ್ಣಿಡುತ್ತದೆ, ಅದರ ಸದಸ್ಯರನ್ನು ನೇಮಿಸುತ್ತದೆ. ಈ ಎರಡನೇ ಮಂಡಳಿಯಲ್ಲಿ ಕಾರ್ಮಿಕರು ಕೂರುತ್ತಾರೆ. 1951ರಲ್ಲಿ ಕಲ್ಲಿದ್ದಲು ಮತ್ತು ಉಕ್ಕಿನ ಕಂಪನಿಗಳಲ್ಲಿ ಅವರಿಗೆ ಸರಿಸಮ ಪಾಲು ಸಿಕ್ಕಿತು. 1976ರ ಕಾನೂನು 2,000ಕ್ಕಿಂತ ಹೆಚ್ಚು ಕೆಲಸಗಾರರಿರುವ ಕಂಪನಿಗಳಲ್ಲಿ ಅರ್ಧ ಕುರ್ಚಿ ಅವರಿಗೆ ಕೊಟ್ಟಿತು. ಮತ ಸಮ ಆದರೆ ಅಧ್ಯಕ್ಷರಿಗೆ ಎರಡನೇ ಮತ ಉಂಟು, ಮತ್ತು ಅಧ್ಯಕ್ಷರು ಸಾಮಾನ್ಯವಾಗಿ ಷೇರುದಾರರ ಕಡೆಯವರು. ಹಾಗಾಗಿ ಕೊನೆಯ ಮಾತು ಬಂಡವಾಳದ್ದೇ. ಆದರೂ ಕಾರ್ಖಾನೆ ಮುಚ್ಚುವ ನಿರ್ಧಾರವನ್ನು ಅಲ್ಲಿ ದುಡಿಯುವವರ ಪ್ರತಿನಿಧಿಯ ಮುಖ ನೋಡಿಯೇ ತೆಗೆದುಕೊಳ್ಳಬೇಕು. ಇದು ಸಣ್ಣ ಮಾತಲ್ಲ ಎಂದು ನನಗೆ ಯಾವಾಗಲೂ ಅನಿಸುತ್ತದೆ.

ಇದಕ್ಕಿಂತ ಆಳವಾದ ಬೇರು ಕಸುಬಿನ ತರಬೇತಿಯಲ್ಲಿದೆ. ಒಬ್ಬ ಹುಡುಗನಿಗೆ ಮೂರು ವರ್ಷ ಯಂತ್ರದ ಕೆಲಸ ಕಲಿಸಲು ಕಂಪನಿ ಖರ್ಚು ಮಾಡುತ್ತದೆ ಅಂದುಕೊಳ್ಳಿ. ಅವನು ಕಲಿತ ಮರುದಿನ ಪಕ್ಕದ ಕಂಪನಿ ಸ್ವಲ್ಪ ಜಾಸ್ತಿ ಸಂಬಳ ಕೊಟ್ಟು ಎಳೆದುಕೊಂಡರೆ? ಹಾಗಾಗುತ್ತದೆ ಎಂದು ಗೊತ್ತಿದ್ದರೆ ಯಾರೂ ಕಲಿಸುವುದಿಲ್ಲ. ಬಹಳ ದೇಶಗಳಲ್ಲಿ ಕಸುಬಿನ ತರಬೇತಿ ಸೊರಗಿರುವುದು ಇದರಿಂದಲೇ. ಜರ್ಮನಿಯಲ್ಲಿ ಸಂಬಳವನ್ನು ಬಹಳ ಕಾಲ ಇಡೀ ಉದ್ಯಮಕ್ಕೆ ಒಟ್ಟಾಗಿ ಮಾತಾಡಿ ಗೊತ್ತು ಮಾಡುತ್ತಿದ್ದರು. ಹಾಗಾಗಿ ಸಂಬಳದ ಆಸೆ ತೋರಿಸಿ ಎಳೆದುಕೊಳ್ಳುವ ದಾರಿ ಕಿರಿದಾಯಿತು. ತರಬೇತಿಯ ಪರೀಕ್ಷೆಯನ್ನು ವಾಣಿಜ್ಯ ಮಂಡಳಿಗಳು ನಡೆಸುತ್ತವೆ, ಅವುಗಳಿಗೆ ಕಂಪನಿಗಳು ಸೇರಲೇಬೇಕು. ಕಾರ್ಮಿಕನಿಗೂ ಕೆಲಸ ಬೇಗ ಹೋಗುವುದಿಲ್ಲ ಎಂಬ ಭರವಸೆ ಇದ್ದರೆ ಒಂದೇ ಯಂತ್ರದ ಸೂಕ್ಷ್ಮ ಕಲಿಯಲು ಮನಸ್ಸು ಬರುತ್ತದೆ. ತಾಳ್ಮೆಯ ಹಣ, ಒಟ್ಟಾರೆ ಸಂಬಳ, ತರಬೇತಿ, ಮಂಡಳಿಯ ಕುರ್ಚಿ ಎಲ್ಲ ಒಂದಕ್ಕೊಂದು ಆಸರೆ. ಒಂದು ಕಂಬ ತೆಗೆದರೆ ಮಿಕ್ಕವೂ ಅಲುಗಾಡುತ್ತವೆ.

ಈಗ 2009ಕ್ಕೆ ಬನ್ನಿ. ಹತ್ತಾರು ವರ್ಷ ಪಳಗಿದ ಕೆಲಸಗಾರನನ್ನು ಕಳೆದುಕೊಂಡರೆ ಮತ್ತೆ ಸಿಗುವುದಿಲ್ಲ ಎಂದು ಆ ಕಂಪನಿಗಳಿಗೆ ಗೊತ್ತಿತ್ತು. ಅವು ಜನರನ್ನು ತೆಗೆಯುವ ಬದಲು ಕೆಲಸದ ಗಂಟೆ ಕಡಿಮೆ ಮಾಡಿದವು. ಇದಕ್ಕೆ ಅಲ್ಲಿ 'ಕುರ್ಟ್ಸ್‌ಆರ್ಬೈಟ್' ಅನ್ನುತ್ತಾರೆ, ಅಂದರೆ ಮೊಟಕು ಕೆಲಸ. ಕೈತಪ್ಪಿದ ಸಂಬಳದಲ್ಲಿ ಶೇಕಡಾ 60ರಷ್ಟನ್ನು, ಮಕ್ಕಳಿರುವವರಿಗೆ 67ರಷ್ಟನ್ನು ಸರ್ಕಾರಿ ವಿಮೆ ತುಂಬಿಕೊಟ್ಟಿತು. 2009ರ ಮೇ ಹೊತ್ತಿಗೆ 14 ಲಕ್ಷಕ್ಕೂ ಹೆಚ್ಚು ಜನ ಹೀಗಿದ್ದರು. ಆರ್ಡರು ವಾಪಸ್ ಬಂದಾಗ ಕಾರ್ಖಾನೆಗಳು ಮರುದಿನವೇ ಓಡಲು ಸಿದ್ಧವಾಗಿದ್ದವು.

ಇದಕ್ಕೂ ಬೆಲೆ ಇದೆ. ಒಳಗಿದ್ದವರಿಗೆ ನೆರಳು, ಹೊರಗಿದ್ದವರಿಗೆ ಬಿಸಿಲು. ಖಾಯಂ ಕೆಲಸದ ಬೇಲಿಯ ಹೊರಗೆ ಕಡಿಮೆ ಸಂಬಳದ ಸಣ್ಣ ಕೆಲಸಗಳಲ್ಲಿ ಸಿಕ್ಕಿಕೊಂಡವರು ಅಲ್ಲೂ ಲಕ್ಷಗಟ್ಟಲೆ ಇದ್ದಾರೆ. ಇರುವುದನ್ನು ವರ್ಷ ವರ್ಷ ಉತ್ತಮ ಮಾಡುವ ಯಂತ್ರ, ಕಾರು, ರಾಸಾಯನಿಕಗಳಲ್ಲಿ ಆ ದೇಶ ಮುಂದೆ. ಎಲ್ಲ ಕಿತ್ತು ಹೊಸದು ಕಟ್ಟುವ ಸಾಫ್ಟ್‌ವೇರಿನಂಥ ಕಡೆ ಅಷ್ಟು ಮುಂದೆ ಇಲ್ಲ.

ಪೀಟರ್ ಹಾಲ್ ಮತ್ತು ಡೇವಿಡ್ ಸೊಸ್ಕಿಸ್ ಎಂಬ ವಿದ್ವಾಂಸರು 2001ರಲ್ಲಿ ಈ ಎರಡು ಬಗೆಗೆ ಹೆಸರಿಟ್ಟರು. ಒಂದು ಮಾರುಕಟ್ಟೆಗೇ ಬಿಟ್ಟ ಬಗೆ, ಇನ್ನೊಂದು ಹೊಂದಾಣಿಕೆಯ ಬಗೆ. ಉಪಯೋಗದ ವಿಂಗಡಣೆ. ಆದರೆ ಜಗತ್ತು ಎರಡು ಪೆಟ್ಟಿಗೆಯಲ್ಲಿ ಹಿಡಿಸುವುದಿಲ್ಲ ಎಂದು ಪೂರ್ವ ಏಷ್ಯಾಕ್ಕೆ ಹೋದರೆ ಕಾಣುತ್ತದೆ.

ಬ್ಯಾಂಕು ಬಂದು ಕೈಹಿಡಿದಾಗ

1973ರಲ್ಲಿ ಎಣ್ಣೆ ಬೆಲೆ ಏರಿದಾಗ ಹಿರೋಷಿಮಾದ ಕಾರು ಕಂಪನಿ ಮಾಜ್ದಾ ಕುಸಿಯಿತು. ಅದರ ಹೆಮ್ಮೆಯ ರೋಟರಿ ಎಂಜಿನ್ ಪೆಟ್ರೋಲು ಜಾಸ್ತಿ ಕುಡಿಯುತ್ತಿತ್ತು. ಬೇರೆ ಕಡೆಯಾಗಿದ್ದರೆ ದಿವಾಳಿಯೇ ಗತಿ. ಇಲ್ಲಿ ಅದರ ಮುಖ್ಯ ಬ್ಯಾಂಕಾದ ಸುಮಿಟೊಮೊ ಮುಂದೆ ಬಂತು. ತನ್ನ ಜನರನ್ನೇ ಕಂಪನಿ ನಡೆಸಲು ಕಳಿಸಿತು, ಸಾಲಕ್ಕೆ ಬೆನ್ನಾಗಿ ನಿಂತಿತು. ಸಾವಿರಾರು ಕಾರ್ಖಾನೆ ಕೆಲಸಗಾರರನ್ನು ಕೆಲಸದಿಂದ ತೆಗೆಯುವ ಬದಲು ಕಾರು ಮಾರಲು ಡೀಲರುಗಳ ಬಳಿ ಕಳಿಸಿದರು. ನಟ್ಟು ಬಿಗಿಯುತ್ತಿದ್ದವರು ಮನೆಮನೆ ಬಾಗಿಲು ತಟ್ಟಿ ಕಾರು ಮಾರಿದರು. ಕಂಪನಿ ಉಳಿಯಿತು.

ಆಗ ಜಪಾನಿನ ದೊಡ್ಡ ಕಂಪನಿಗಳು ಗುಂಪುಗಳಾಗಿದ್ದವು. ಒಂದರ ಷೇರು ಇನ್ನೊಂದರ ಬಳಿ, ಅದರ ಷೇರು ಮತ್ತೊಂದರ ಬಳಿ. ಹೊರಗಿನವರು ಬಂದು ಕೊಳ್ಳಲು ದಾರಿಯಿಲ್ಲ. ಓದು ಮುಗಿಸಿ ಏಪ್ರಿಲ್‌ನಲ್ಲಿ ಸೇರಿದ ಹುಡುಗ ನಿವೃತ್ತಿಯವರೆಗೆ ಅಲ್ಲೇ. ಕಂಪನಿ ಯಾರದು ಎಂದು ಅಲ್ಲಿ ಕೇಳಿದ್ದರೆ ಒಳಗಿರುವವರದು ಎಂಬ ಉತ್ತರ ಬರುತ್ತಿತ್ತು. 1990ರ ದಶಕದಲ್ಲಿ ಬ್ಯಾಂಕುಗಳೇ ಕೆಟ್ಟ ಸಾಲದಲ್ಲಿ ಮುಳುಗಿದಾಗ ಈ ಆಸರೆಯೇ ಹೊರೆಯಾಯಿತು. ಬದುಕುವ ಶಕ್ತಿ ಇಲ್ಲದ ಕಂಪನಿಗಳಿಗೂ ಸಾಲ ಮುಂದುವರಿಸಿದರು. ಹಳಬರ ಕೆಲಸ ಉಳಿಸಿದರು, ಹೊಸಬರನ್ನು ಸೇರಿಸಲಿಲ್ಲ. ಇಂದು ಅಲ್ಲಿ ಸಂಬಳಕ್ಕೆ ದುಡಿಯುವವರಲ್ಲಿ ಮೂರರಲ್ಲಿ ಒಂದಕ್ಕಿಂತ ಹೆಚ್ಚು ಪಾಲು ಖಾಯಂ ಅಲ್ಲದವರು. ಆ ಕಾಲದ ಹುಡುಗ ಹುಡುಗಿಯರು ಕಳೆದುಕೊಂಡದ್ದನ್ನು ನೆನೆದರೆ ಸಂಕಟವಾಗುತ್ತದೆ. ಅವರ ತಪ್ಪೇನೂ ಇರಲಿಲ್ಲ. ಓದು ಮುಗಿಸಿದ ವರ್ಷ ಸರಿಯಿರಲಿಲ್ಲ, ಅಷ್ಟೇ.

ಗೋಡೆಯ ಒಳಗೇನು, ಹೊರಗೇನು

ಇಲ್ಲಿ ಇನ್ನೊಂದು ಪ್ರಶ್ನೆ ಎತ್ತಬೇಕು. ಮಾರುಕಟ್ಟೆ ಅಷ್ಟು ಒಳ್ಳೆಯದಾದರೆ ಕಂಪನಿಗಳು ಯಾಕೆ ಬೇಕು? ಬೋಲ್ಟು ಒಬ್ಬರಿಂದ, ಬಣ್ಣ ಇನ್ನೊಬ್ಬರಿಂದ, ದಿನದಿನಕ್ಕೆ ಕೊಂಡರೆ ಸಾಕಲ್ಲ? 1937ರಲ್ಲಿ ಅರ್ಥಶಾಸ್ತ್ರಜ್ಞ ರೊನಾಲ್ಡ್ ಕೋಸ್ ಕೊಟ್ಟ ಉತ್ತರ ಸರಳ. ಕೊಳ್ಳುವುದಕ್ಕೂ ಖರ್ಚಿದೆ. ಹುಡುಕಬೇಕು, ಚೌಕಾಸಿ ಮಾಡಬೇಕು, ಕರಾರು ಬರೆಯಬೇಕು, ಮೋಸವಾಗದಂತೆ ಕಾಯಬೇಕು. ಈ ಖರ್ಚು ಜಾಸ್ತಿಯಾದಾಗ ಕೆಲಸವನ್ನು ಗೋಡೆಯ ಒಳಗೆ ತಂದು ಆದೇಶದಿಂದ ಮಾಡಿಸುವುದು ಅಗ್ಗ.

ಹಾಗಾದರೆ ನಂಬಿಕೆ ಎಲ್ಲಿ ಅಗ್ಗವೋ ಅಲ್ಲಿ ಕಂಪನಿ ಚಿಕ್ಕದಾಗಿಯೇ ಉಳಿಯಬಹುದು. ಇಟಲಿಯ ಪ್ರಾಟೊದಲ್ಲಿ ಉಣ್ಣೆ ಬಟ್ಟೆಯ ಉದ್ಯಮ ಹಾಗೇ ಇತ್ತು. ನೂಲುವವರು, ನೇಯುವವರು, ಬಣ್ಣ ಹಾಕುವವರು ಎಲ್ಲ ಬೇರೆ ಬೇರೆ ಸಣ್ಣ ಉದ್ಯಮಗಳು. 'ಇಂಪನ್ನಾತೊರೆ' ಎಂಬ ಮಧ್ಯಸ್ಥ ಆರ್ಡರು ತಂದು ಕೆಲಸ ಹಂಚುತ್ತಿದ್ದ. ಒಬ್ಬರನ್ನೊಬ್ಬರು ಬಲ್ಲ ಊರಿನಲ್ಲಿ ಒಂದು ಸಲ ಮಾತು ತಪ್ಪಿದವನಿಗೆ ಮುಂದಿನ ಆರ್ಡರು ಸಿಗುವುದು ಕಷ್ಟ.

ಕೊರಿಯಾ ಮತ್ತು ತೈವಾನ್ ಹೋಲಿಕೆ ಇನ್ನೂ ಚೆನ್ನಾಗಿದೆ. ಎರಡೂ ಹಿಂದೆ ಜಪಾನಿನ ವಸಾಹತುಗಳು. ಎರಡೂ ರಫ್ತಿನಿಂದಲೇ ಬೆಳೆದವು. ಆದರೆ ದಕ್ಷಿಣ ಕೊರಿಯಾದಲ್ಲಿ 1961ರಲ್ಲಿ ಅಧಿಕಾರ ಹಿಡಿದ ಪಾರ್ಕ್ ಚುಂಗ್ ಹೀ ಬ್ಯಾಂಕುಗಳನ್ನು ಸರ್ಕಾರದ ಕೈಗೆ ತೆಗೆದುಕೊಂಡರು. ರಫ್ತಿನ ಗುರಿ ಮುಟ್ಟಿದವರಿಗೆ ಅಗ್ಗದ ಸಾಲ. ಸಾಲ ಸಿಕ್ಕ ಕೆಲವೇ ಕುಟುಂಬಗಳು ಹಡಗಿನಿಂದ ವಿಮೆಯವರೆಗೆ ಎಲ್ಲದಕ್ಕೂ ಕೈಹಾಕಿ 'ಚೇಬೋಲ್' ಎಂಬ ದೊಡ್ಡ ಉದ್ಯಮ ಗುಂಪುಗಳಾದವು. ಸ್ಯಾಮ್‌ಸಂಗ್, ಹ್ಯುಂಡೈ ಹೀಗೆ ಬೆಳೆದವು. ಕುಟುಂಬದ ಸ್ವಂತ ಷೇರು ಸ್ವಲ್ಪವೇ ಇದ್ದರೂ ಒಂದು ಕಂಪನಿಯ ಹಣದಲ್ಲಿ ಇನ್ನೊಂದರ ಷೇರು ಕೊಂಡು ಇಡೀ ಗುಂಪನ್ನು ಹಿಡಿತದಲ್ಲಿ ಇಟ್ಟುಕೊಂಡರು. 1997ರ ಏಷ್ಯಾದ ಹಣಕಾಸು ಬಿಕ್ಕಟ್ಟಿನಲ್ಲಿ ಈ ಸಾಲದ ಗೋಪುರ ಅಲುಗಿತು. ಇಂಥದ್ದೇ ಗುಂಪಾದ ದೇವೂ 1999ರಲ್ಲಿ ಕುಸಿಯಿತು.

ತೈವಾನಿನಲ್ಲಿ ದೊಡ್ಡ ಬ್ಯಾಂಕುಗಳ ಸಾಲ ಸಣ್ಣವರಿಗೆ ಸುಲಭವಾಗಿ ಸಿಗುತ್ತಿರಲಿಲ್ಲ. ಅವರು ನೆಂಟರು, ಸ್ನೇಹಿತರು, ಚೀಟಿ ಗುಂಪುಗಳಿಂದ ಹಣ ಕೂಡಿಸಿದರು. ಇಷ್ಟು ಹಣದಲ್ಲಿ ಸಣ್ಣ ಕಾರ್ಖಾನೆ ಮಾತ್ರ ಸಾಧ್ಯ. ಹಾಗಾಗಿ ಒಬ್ಬರು ಒಂದು ಬಿಡಿಭಾಗ, ಇನ್ನೊಬ್ಬರು ಇನ್ನೊಂದು, ಹೀಗೆ ಬಲೆಯಂತೆ ಹೆಣೆದುಕೊಂಡರು. 1987ರಲ್ಲಿ ಸರ್ಕಾರದ ನೆರವಿನಿಂದ ಹುಟ್ಟಿದ ಟಿಎಸ್‌ಎಂಸಿ ಬೇರೆಯವರ ವಿನ್ಯಾಸದ ಚಿಪ್ಪುಗಳನ್ನು ಮಾತ್ರ ಮಾಡುತ್ತದೆ. ಕಂಪನಿ ಬಹಳ ದೊಡ್ಡದಾಯಿತು, ಆದರೆ ತನ್ನ ಪಾಲಿನ ಕೆಲಸ ಬಿಟ್ಟು ಆಚೆ ಹೋಗದ ಈ ಬುದ್ಧಿ ಆ ಬಲೆಗೆ ಹೊಂದಿಕೊಳ್ಳುವಂಥದ್ದೇ.

ಎರವಲು ತಂದ ನಿಯಮಗಳು

ಮೊದಲು ಆಸ್ತಿಯ ಕಾನೂನು ಗಟ್ಟಿಯಾಗಬೇಕು, ಆಮೇಲೆ ಉದ್ಯಮ ಬೆಳೆಯುತ್ತದೆ ಎಂಬ ಮಾತನ್ನು ಚೀನಾ ಪೂರ್ತಿ ಕೇಳಲಿಲ್ಲ. 1980ರ ದಶಕದಲ್ಲಿ ಅಲ್ಲಿ ಮುನ್ನುಗ್ಗಿದ್ದು ಹಳ್ಳಿ ಮತ್ತು ಪಟ್ಟಣದ ಸ್ಥಳೀಯ ಆಡಳಿತಗಳ ಕೈಕೆಳಗಿನ ಉದ್ಯಮಗಳು. ಅವುಗಳಲ್ಲಿ ಎಷ್ಟೋ ನಿಜದಲ್ಲಿ ಖಾಸಗಿಯವು. ರಕ್ಷಣೆಗಾಗಿ ಸಾಮೂಹಿಕ ಉದ್ಯಮ ಎಂದು ನೋಂದಾಯಿಸಿಕೊಂಡಿದ್ದವು. ಜನ ಇದನ್ನು 'ಕೆಂಪು ಟೋಪಿ ಹಾಕಿಕೊಳ್ಳುವುದು' ಅನ್ನುತ್ತಿದ್ದರು. ಖಾಸಗಿ ಆಸ್ತಿಗೆ ಸಂವಿಧಾನದಲ್ಲಿ ಗಟ್ಟಿ ಜಾಗ ಸಿಕ್ಕಿದ್ದು 2004ರಲ್ಲಿ. ನಡುವೆ 1990ರ ದಶಕದ ಕೊನೆಯಲ್ಲಿ ಸರ್ಕಾರ ದೊಡ್ಡ ಕಂಪನಿಗಳನ್ನು ಹಿಡಿದುಕೊಂಡು ಸಣ್ಣವನ್ನು ಕೈಬಿಟ್ಟಿತು. 2 ಕೋಟಿಗೂ ಹೆಚ್ಚು ಜನ ಕೆಲಸ ಕಳೆದುಕೊಂಡರು. ಉಳಿದ ದೊಡ್ಡ ಕಂಪನಿಗಳಲ್ಲಿ ಕೇಂದ್ರದ ಕೈಕೆಳಗಿನ ಬಹಳಷ್ಟನ್ನು 2003ರಿಂದ ಒಂದೇ ಸರ್ಕಾರಿ ಆಯೋಗ ನೋಡಿಕೊಳ್ಳುತ್ತದೆ. ಅವುಗಳ ಷೇರು ಪೇಟೆಯಲ್ಲೂ ಸಿಗುತ್ತದೆ, ಒಳಗೆ ಕಮ್ಯುನಿಸ್ಟ್ ಪಕ್ಷದ ಸಮಿತಿಯೂ ಇದೆ.

ರಷ್ಯಾ ಉಲ್ಟಾ ದಾರಿ ಹಿಡಿಯಿತು. 1992ರಲ್ಲಿ ಎಲ್ಲ ನಾಗರಿಕರಿಗೂ 10,000 ರೂಬಲ್ ಮುಖಬೆಲೆಯ ಚೀಟಿ ಕೊಟ್ಟು ಕಾರ್ಖಾನೆಗಳ ಪಾಲು ಹಂಚಲು ಹೊರಟರು. ಷೇರುದಾರರನ್ನು ಕಾಯುವ ನ್ಯಾಯಾಲಯ, ಲೆಕ್ಕಪತ್ರ, ಅಭ್ಯಾಸ ಯಾವುದೂ ಇರಲಿಲ್ಲ. ಬೆಲೆ ಏರಿಕೆಯಲ್ಲಿ ಬೆಂದ ಜನರಲ್ಲಿ ಎಷ್ಟೋ ಮಂದಿ ಚೀಟಿಯನ್ನು ಅಗ್ಗಕ್ಕೆ ಮಾರಿಬಿಟ್ಟರು. 1995ರಲ್ಲಿ ಸರ್ಕಾರ ಎಣ್ಣೆ ಮತ್ತು ಲೋಹದ ಕಂಪನಿಗಳ ಷೇರು ಅಡವಿಟ್ಟು ಬ್ಯಾಂಕುಗಳಿಂದ ಸಾಲ ಎತ್ತಿತು. ಸಾಲ ತೀರಿಸಲಿಲ್ಲ. ದೇಶದ ದೊಡ್ಡ ಆಸ್ತಿಗಳು ಪುಡಿಗಾಸಿಗೆ ಕೆಲವರ ಪಾಲಾದವು. ಷೇರು ಎಂಬ ಕಾಗದ ಬಂತು, ಅದರ ಸುತ್ತ ಇರಬೇಕಾದ ಏರ್ಪಾಟು ಬರಲಿಲ್ಲ.

ಹಾಗಂತ ಏನನ್ನೂ ಇನ್ನೊಂದು ನೆಲಕ್ಕೆ ಒಯ್ಯಲು ಆಗುವುದೇ ಇಲ್ಲ ಎಂದಲ್ಲ. ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ನಲ್ಲಿ ಜನರಲ್ ಮೋಟಾರ್ಸ್‌ನ ಒಂದು ಕಾರ್ಖಾನೆ ಇತ್ತು. ಗೈರುಹಾಜರಿ, ಜಗಳ, ಕಳಪೆ ಕಾರುಗಳಿಗೆ ಹೆಸರಾಗಿತ್ತು. 1982ರಲ್ಲಿ ಅದನ್ನು ಮುಚ್ಚಿದರು. 1984ರಲ್ಲಿ ಟೊಯೊಟಾ ಜೊತೆ ಸೇರಿ ಮತ್ತೆ ತೆರೆದರು. ಬಹುಪಾಲು ಕೆಲಸಗಾರರು ಹಳಬರೇ, ಯೂನಿಯನ್ನೂ ಹಳೆಯದೇ. ನೂರಾರು ಜನ ಜಪಾನಿಗೆ ಹೋಗಿ ಕಲಿತು ಬಂದರು. ತಪ್ಪು ಕಂಡ ಯಾರೇ ಆದರೂ ಹಗ್ಗ ಎಳೆದು ಕಾರು ಜೋಡಿಸುವ ಇಡೀ ಸಾಲನ್ನು ನಿಲ್ಲಿಸಬಹುದಿತ್ತು. ಸ್ವಲ್ಪ ಕಾಲದಲ್ಲೇ ಅಲ್ಲಿನ ಕಾರುಗಳ ಗುಣಮಟ್ಟ ಜನರಲ್ ಮೋಟಾರ್ಸ್‌ನ ಬೇರೆ ಕಾರ್ಖಾನೆಗಳನ್ನು ಮೀರಿತು. 1988ರ ಸುಮಾರಿಗೆ ಮಾರಾಟ ಇಳಿದಾಗ ಯಾರನ್ನೂ ತೆಗೆಯಲಿಲ್ಲ, ಬಿಡುವಿನಲ್ಲಿ ತರಬೇತಿ ಕೊಟ್ಟರು. ಕೆಲಸ ಉಳಿಯುತ್ತದೆ ಎಂಬ ಮಾತು ಒಪ್ಪಂದದಲ್ಲೇ ಇತ್ತು. ಆ ಮಾತಿಲ್ಲದ ಕಡೆ ಹಗ್ಗ ಎಳೆಯಲು ಯಾರಿಗೆ ಧೈರ್ಯ ಬರುತ್ತದೆ? ಜನರಲ್ ಮೋಟಾರ್ಸ್ ಇದನ್ನೇ ತನ್ನ ಬೇರೆ ಕಾರ್ಖಾನೆಗಳಿಗೆ ಒಯ್ಯಲು ವರ್ಷಗಟ್ಟಲೆ ಹೆಣಗಾಡಿತು.

2009ರಲ್ಲಿ ಜನರಲ್ ಮೋಟಾರ್ಸ್ ದಿವಾಳಿಯಾಗಿ ಆ ಜೋಡಿಯಿಂದ ಹೊರಬಂತು. ಮರುವರ್ಷ ಟೊಯೊಟಾವೂ ಆ ಕಾರ್ಖಾನೆಯ ಬಾಗಿಲು ಮುಚ್ಚಿತು. ಕಟ್ಟಡವನ್ನು ಕೊಂಡದ್ದು ಟೆಸ್ಲಾ, ಸಿಲಿಕಾನ್ ವ್ಯಾಲಿಯ ಹಣದಿಂದ ಬೆಳೆದ ಕಂಪನಿ. ಅಲ್ಲಿ ಈಗಲೂ ಕಾರುಗಳೇ ತಯಾರಾಗುತ್ತವೆ. ಯೂನಿಯನ್ ಇಲ್ಲ.